ಪಿಎಚ್ 8.4 ಇದ್ದರೂ ಅಲ್ಕಲಿನಿಟಿ ಕಡಿಮೆ ಯಾಕೆ?

ಪ್ರಶ್ನೆ: ನಮ್ಮದು ಕುಮಟಾ ತಾಲೂಕು. ಅಘನಾಶಿನಿ ಹೊಳೆಯ ಪಕ್ಕ 20 ಗುಂಟೆಯ ಸಿಗಡಿ ಕೆರೆ ಇದೆ, ನೀರು ಸುಮಾರು 1.2 ಮೀಟರ್ ಆಳ. ವನಾಮಿ ಜಾತಿಯ ಸಿಗಡಿ ಬಿಟ್ಟಿದ್ದೇವೆ. ಮಳೆಗಾಲದಲ್ಲಿ ನೀರು ಪರೀಕ್ಷೆಗೆ ಕೊಟ್ಟಾಗ ವರದಿ ಹೀಗೆ ಬಂತು: ಉಪ್ಪಿನಂಶ 6 ಪಿಪಿಟಿ (ಸಾವಿರ ಭಾಗಕ್ಕೆ 6 ಭಾಗ), ಪಿಎಚ್ 8.4, ಒಟ್ಟು ಅಲ್ಕಲಿನಿಟಿ 62 ಮಿಲಿಗ್ರಾಂ/ಲೀಟರ್ (ಕ್ಯಾಲ್ಸಿಯಂ ಕಾರ್ಬೊನೇಟ್ ಲೆಕ್ಕದಲ್ಲಿ), ಗಡಸುತನ 1100. ಕೆಳಗೆ ‘ಅಲ್ಕಲಿನಿಟಿ ಕಡಿಮೆ, ಹೆಚ್ಚಿಸಿ’ ಎಂದು ಬರೆದಿದ್ದಾರೆ. ಮಗಳು ಹತ್ತನೇ ತರಗತಿ. ಪಿಎಚ್ 7ಕ್ಕಿಂತ ಜಾಸ್ತಿ ಇದ್ದರೆ ನೀರು ಕ್ಷಾರೀಯ ಎಂದು ಅವಳ ಪುಸ್ತಕದಲ್ಲಿದೆ. ಹಾಗಾದರೆ ನಮ್ಮ ನೀರಿನಲ್ಲಿ ಅಲ್ಕಲಿನಿಟಿ ಕಡಿಮೆ ಹೇಗಾಯಿತು? ವರದಿ ತಪ್ಪೇ? ಪಕ್ಕದ ಕೆರೆಯವರು ಒಂದು ಚೀಲ, ಅಂದರೆ 50 ಕೆಜಿ, ಸುಟ್ಟ ಸುಣ್ಣ ಹಾಕಿ ಎನ್ನುತ್ತಾರೆ. ಹಾಕಬಹುದಾ?

ಉತ್ತರ: ವರದಿ ಸರಿಯಾಗಿದೆ. ಮಗಳ ಪುಸ್ತಕವೂ ಸರಿಯಾಗಿದೆ. ಸುಟ್ಟ ಸುಣ್ಣವನ್ನು ಮಾತ್ರ ಸದ್ಯಕ್ಕೆ ಹಾಕಬೇಡಿ. ಯಾಕೆ ಅಂತ ಮುಂದೆ ಲೆಕ್ಕ ಹಾಕಿಯೇ ತೋರಿಸುತ್ತೇನೆ.

ಪಿಎಚ್ ಮತ್ತು ಅಲ್ಕಲಿನಿಟಿ ಎರಡು ಬೇರೆ ಬೇರೆ ಅಳತೆಗಳು. ಈ ಗಳಿಗೆಯಲ್ಲಿ ನೀರು ಆಮ್ಲದ ಕಡೆ ಇದೆಯಾ, ಕ್ಷಾರದ ಕಡೆ ಇದೆಯಾ, ಎಷ್ಟು ದೂರ ಇದೆ ಎನ್ನುವುದನ್ನು ಪಿಎಚ್ ಹೇಳುತ್ತದೆ. ಕೋಪನ್‌ಹೇಗನ್ನಿನ ಕಾರ್ಲ್ಸ್‌ಬರ್ಗ್ ಪ್ರಯೋಗಾಲಯದಲ್ಲಿ ಸೋರೆನ್ಸನ್ 1909ರಲ್ಲಿ ಈ ಅಳತೆಯನ್ನು ಮೊದಲು ಬಳಕೆಗೆ ತಂದರು. ಅಲ್ಕಲಿನಿಟಿ ಹೇಳುವುದು ಇನ್ನೊಂದು ಸಂಗತಿ. ಈ ನೀರಿಗೆ ಆಮ್ಲ ಸುರಿಯುತ್ತಾ ಹೋದರೆ, ಪಿಎಚ್ ಸುಮಾರು 4.5ಕ್ಕೆ ಕುಸಿಯುವ ಮೊದಲು ಅದು ಎಷ್ಟು ಆಮ್ಲವನ್ನು ತಡೆದುಕೊಳ್ಳುತ್ತದೆ? ಆ ತಡೆಯುವ ಶಕ್ತಿಯ ಒಟ್ಟು ಮೊತ್ತವೇ ಅಲ್ಕಲಿನಿಟಿ. ಕನ್ನಡದಲ್ಲಿ ಇದನ್ನು ಕ್ಷಾರೀಯತೆ ಎನ್ನುತ್ತಾರೆ. ಸಿಗಡಿ ಸಾಕುವವರ ಬಾಯಲ್ಲಿ ಅಲ್ಕಲಿನಿಟಿಯೇ ಇರುವುದರಿಂದ ನಾನೂ ಹಾಗೇ ಬರೆಯುತ್ತೇನೆ.

ಒಂದು ಉದಾಹರಣೆ ನೋಡಿ. ಒಂದು ಲೀಟರ್ ಡಿಸ್ಟಿಲ್ಡ್ ನೀರಿಗೆ ಬರೀ 4 ಮಿಲಿಗ್ರಾಂ ಕಾಸ್ಟಿಕ್ ಸೋಡಾ ಹಾಕಿದರೆ ಪಿಎಚ್ ಸುಮಾರು 10 ಆಗುತ್ತದೆ. ಅದರ ಅಲ್ಕಲಿನಿಟಿ ಎಷ್ಟು? ಬರೀ 5. ಇನ್ನೊಂದು ಲೀಟರ್ ಬಯಲುಸೀಮೆಯ ಬೋರ್‌ವೆಲ್ ನೀರು ಅಂದುಕೊಳ್ಳಿ. ಪಿಎಚ್ 7.3, ಅಲ್ಕಲಿನಿಟಿ 300. ಎರಡಕ್ಕೂ ಪ್ರಯೋಗಾಲಯದಲ್ಲಿ ಬಳಸುವ 0.02 ನಾರ್ಮಲ್, ಅಂದರೆ ತುಂಬಾ ತೆಳುವಾದ, ಸಲ್ಫ್ಯೂರಿಕ್ ಆಮ್ಲ ಹಾಕುತ್ತಾ ಹೋಗೋಣ. ಮೊದಲನೆಯದು 5 ಮಿಲಿಲೀಟರಿಗೇ 10ರಿಂದ 7ಕ್ಕೆ ಇಳಿಯುತ್ತದೆ. ಇನ್ನೆರಡು ಮಿಲಿಲೀಟರ್ ಹಾಕಿದರೆ 4.5ಕ್ಕಿಂತಲೂ ಕೆಳಗೆ. ಎರಡನೆಯದನ್ನು ಅಲ್ಲಿಗೆ ಇಳಿಸಲು ಸುಮಾರು 300 ಮಿಲಿಲೀಟರ್ ಬೇಕು. ಪಿಎಚ್ ಜಾಸ್ತಿ ಇದ್ದ ನೀರು ಕೂಡಲೇ ಸೋತಿತು, ಕಡಿಮೆ ಇದ್ದ ನೀರು ಗಟ್ಟಿಯಾಗಿ ನಿಂತಿತು. ನಿಮ್ಮ ಕೆರೆಯ ನೀರು ಇವೆರಡರ ನಡುವೆ, ಮೊದಲನೆಯದರ ಕಡೆಗೆ ಜಾಸ್ತಿ ವಾಲಿಕೊಂಡು ಇದೆ.

ಆಮ್ಲವನ್ನು ತಡೆಯುವ ವಸ್ತು ಯಾವುದು? ನಮ್ಮ ಬಾವಿ, ಹೊಳೆ, ಕೆರೆಗಳಲ್ಲಿ ಬಹುಪಾಲು ಬೈಕಾರ್ಬೊನೇಟ್. ಆಮ್ಲ ಬಂದ ಕೂಡಲೇ ಬೈಕಾರ್ಬೊನೇಟ್ ಅದನ್ನು ಹಿಡಿದು ನೀರು ಮತ್ತು ಇಂಗಾಲದ ಡೈಆಕ್ಸೈಡ್ ಆಗಿ ಬದಲಾಗುತ್ತದೆ. ಪಿಎಚ್ 8.3 ದಾಟಿದ ಮೇಲೆ ಕಾರ್ಬೊನೇಟ್ ಕೂಡ ಲೆಕ್ಕಕ್ಕೆ ಸೇರಲು ಶುರುವಾಗುತ್ತದೆ. ಸಮುದ್ರದ ನೀರಿನಲ್ಲಿ ಬೋರೇಟಿನದೂ ಒಂದಿಷ್ಟು ಪಾಲಿದೆ.

ಬೈಕಾರ್ಬೊನೇಟ್ ಬರುವುದು ಕಲ್ಲು ಮಣ್ಣಿನಿಂದ. ಮಳೆನೀರಿನಲ್ಲಿ ಅದು ಹೆಚ್ಚುಕಡಿಮೆ ಇರುವುದೇ ಇಲ್ಲ. ನೀರು ಮಣ್ಣಿನೊಳಗೆ ಇಳಿದು, ಬೇರುಗಳು ಬಿಟ್ಟ ಇಂಗಾಲದ ಡೈಆಕ್ಸೈಡ್ ಹೀರಿಕೊಂಡು, ನಿಧಾನವಾಗಿ ಕಲ್ಲನ್ನು ಕರಗಿಸಿದರೆ ಮಾತ್ರ ಅದು ಸೇರುತ್ತದೆ. ಸುಣ್ಣದ ಕಲ್ಲಿನ ಸೀಮೆಯಲ್ಲಿ ಈ ಕೆಲಸ ಬೇಗ ಆಗುತ್ತದೆ. ನಮ್ಮ ಕಡೆ ಚಿರೆಕಲ್ಲು, ಅಂದರೆ ಕೆಂಪು ಜಂಬಿಟ್ಟಿಗೆ. ಸಾವಿರಾರು ವರ್ಷಗಳ ಮಳೆ ಅದರೊಳಗಿನ ಸುಣ್ಣದ ಅಂಶವನ್ನೆಲ್ಲ ತೊಳೆದುಬಿಟ್ಟಿದೆ, ಉಳಿದದ್ದು ಕಬ್ಬಿಣ ಮತ್ತು ಅಲ್ಯೂಮಿನಿಯಂ. ಅಘನಾಶಿನಿಯೋ ಶಿರಸಿಯ ಕಡೆ ಹುಟ್ಟಿ, ಉಂಚಳ್ಳಿಯಲ್ಲಿ ಧುಮುಕಿ, ಮಳೆಗಾಲದಲ್ಲಿ ಒಂದೇ ಓಟದಲ್ಲಿ ಕಡಲಿಗೆ ಬಂದು ಬೀಳುವ ಹೊಳೆ. ಕಲ್ಲಿನ ಜೊತೆ ಮಾತಾಡಲು ಆ ನೀರಿಗೆ ಸಮಯವೇ ಇಲ್ಲ.

ಈಗ ನಿಮ್ಮ ವರದಿಯನ್ನು ನಾವೇ ಪರೀಕ್ಷೆ ಮಾಡೋಣ. ತೆರೆದ ಕಡಲಿನ ನೀರಿನ ಉಪ್ಪಿನಂಶ ಸುಮಾರು 35 ಪಿಪಿಟಿ, ಅಲ್ಕಲಿನಿಟಿ ಸುಮಾರು 115ರಿಂದ 120. ನಿಮ್ಮಲ್ಲಿ ಉಪ್ಪಿನಂಶ 6. ಅಂದರೆ ಕೆರೆಯಲ್ಲಿ ಕಡಲಿನ ಪಾಲು ಸುಮಾರು ಆರನೇ ಒಂದು ಭಾಗ. ಅಲ್ಕಲಿನಿಟಿಯಲ್ಲಿ ಕಡಲು ಕೊಟ್ಟದ್ದು 20ರಷ್ಟೇ. ಉಳಿದ 42 ಹೊಳೆನೀರು, ತಳದ ಮಣ್ಣು ಮತ್ತು ಕೆರೆ ತಯಾರಿ ಮಾಡುವಾಗ ನೀವು ಹಾಕಿರಬಹುದಾದ ಸುಣ್ಣದಿಂದ ಬಂದದ್ದು. ಮಳೆಗಾಲದ ಗಜನಿ (ಹೊಳೆ ಕಡಲು ಸೇರುವ ಕಡೆಯ ಉಪ್ಪುನೀರಿನ ತಗ್ಗು ಜಮೀನು) ಕೆರೆಗೆ 62 ಸಹಜವಾದ ಸಂಖ್ಯೆ. ಬೇಸಿಗೆಯಲ್ಲಿ, ಸಾಣಿಕಟ್ಟೆಯ ಆಗರಗಳಲ್ಲಿ ಉಪ್ಪು ತೆಗೆಯುವ ಹೊತ್ತಿನಲ್ಲಿ, ಇದೇ ಜಾಗದಲ್ಲಿ ನೀರು ತೆಗೆದರೆ ಚಿತ್ರ ಬೇರೆಯೇ ಇರುತ್ತದೆ.

ಪ್ರಯೋಗಾಲಯದಲ್ಲಿ 62 ಹೇಗೆ ಬಂತು ಅಂತಲೂ ಹೇಳುತ್ತೇನೆ, ಮಗಳಿಗೆ ತೋರಿಸಿ. 100 ಮಿಲಿಲೀಟರ್ ನೀರನ್ನು ಗಾಜಿನ ಫ್ಲಾಸ್ಕಿಗೆ ಹಾಕುತ್ತಾರೆ. ಅದಕ್ಕೆ ಎರಡು ಮೂರು ಹನಿ ಮೀಥೈಲ್ ಆರೆಂಜ್. ನೀರು ಹಳದಿಯಾಗುತ್ತದೆ. ಮೇಲೆ ಬ್ಯೂರೆಟ್ಟಿನಲ್ಲಿ 0.02 ನಾರ್ಮಲ್ ಸಲ್ಫ್ಯೂರಿಕ್ ಆಮ್ಲ. ನಲ್ಲಿ ಸ್ವಲ್ಪ ತಿರುಗಿಸಿ ಹನಿ ಹನಿಯಾಗಿ ಬಿಡುತ್ತಾ ಫ್ಲಾಸ್ಕನ್ನು ಅಲ್ಲಾಡಿಸುತ್ತಾರೆ. ತುಂಬಾ ಹೊತ್ತು ಬಣ್ಣ ಬದಲಾಗುವುದಿಲ್ಲ. ಆಮ್ಲ ಬಿದ್ದ ಜಾಗದಲ್ಲಿ ಒಂದು ಕ್ಷಣ ಕಿತ್ತಳೆ ಬಣ್ಣ ಮೂಡುತ್ತದೆ, ಅಲ್ಲಾಡಿಸಿದರೆ ಮತ್ತೆ ಹಳದಿ. ಆ ಹೊತ್ತಿನಲ್ಲಿ ಬೈಕಾರ್ಬೊನೇಟ್ ತನ್ನ ಕೆಲಸ ಮಾಡುತ್ತಿರುತ್ತದೆ. ಕೊನೆಗೆ ಒಂದು ಹನಿಗೆ ಕಿತ್ತಳೆ ಬಣ್ಣ ಬಂದು ಹಾಗೇ ನಿಲ್ಲುತ್ತದೆ. ಬೈಕಾರ್ಬೊನೇಟ್ ಮುಗಿಯಿತು. ಬ್ಯೂರೆಟ್ ನೋಡಿದರೆ 6.2 ಮಿಲಿಲೀಟರ್ ಖರ್ಚಾಗಿದೆ. ಈ ಅಳತೆಗೆ ಹತ್ತರಿಂದ ಗುಣಿಸಿದರೆ ಉತ್ತರ 62. ನೀವು ಅಂಗಡಿಯಲ್ಲಿ ಕೊಳ್ಳುವ ಹನಿ ಎಣಿಸುವ ಕಿಟ್ ಕೂಡ ಇದೇ ಕೆಲಸವನ್ನು ಸಣ್ಣದಾಗಿ ಮಾಡುತ್ತದೆ. ಪಿಎಚ್ ಕಡ್ಡಿ ಅಥವಾ ಮೀಟರ್ ಅದ್ದಿ ಅಲ್ಕಲಿನಿಟಿ ತಿಳಿಯಲು ಆಗುವುದಿಲ್ಲ. ಇದನ್ನು ಹೀಗೆ ಆಮ್ಲ ಖರ್ಚು ಮಾಡಿಯೇ ಅಳೆಯಬೇಕು.

‘ಕ್ಯಾಲ್ಸಿಯಂ ಕಾರ್ಬೊನೇಟ್ ಲೆಕ್ಕದಲ್ಲಿ’ ಎನ್ನುವ ಮಾತು ತುಂಬಾ ಜನರನ್ನು ದಾರಿ ತಪ್ಪಿಸುತ್ತದೆ. ನೀರಿನಲ್ಲಿ 62 ಮಿಲಿಗ್ರಾಂ ಕ್ಯಾಲ್ಸಿಯಂ ಕಾರ್ಬೊನೇಟ್ ಇದೆ ಅಂತ ಅದರ ಅರ್ಥ ಅಲ್ಲ. ಶಿರಸಿಯ ತೋಟದವರನ್ನು ಈ ವರ್ಷ ಬೆಳೆ ಎಷ್ಟು ಅಂತ ಕೇಳಿದರೆ, ಅಡಿಕೆ ಗೊನೆ ಇನ್ನೂ ಮರದಲ್ಲೇ ಇದ್ದರೂ, ಒಣ ಅಡಿಕೆಯ ಕ್ವಿಂಟಲ್ ಲೆಕ್ಕದಲ್ಲಿ ಉತ್ತರ ಕೊಡುತ್ತಾರೆ ಅಲ್ವಾ? ಇದೂ ಹಾಗೆಯೇ. ನೀರಿನಲ್ಲಿ ಬೈಕಾರ್ಬೊನೇಟ್ ಇರಲಿ, ಕಾರ್ಬೊನೇಟ್ ಇರಲಿ, ಬೇರೇನೇ ಇರಲಿ, ಅಷ್ಟೇ ಆಮ್ಲವನ್ನು ತಡೆಯಲು ಎಷ್ಟು ಕ್ಯಾಲ್ಸಿಯಂ ಕಾರ್ಬೊನೇಟ್ ಬೇಕಾಗುತ್ತಿತ್ತು ಅಂತ ಒಂದೇ ಅಳತೆಗೆ ತಂದು ಹೇಳುತ್ತಾರೆ. ನಿಮ್ಮ ನೀರಿನಲ್ಲಿ ನಿಜಕ್ಕೂ ಇರುವುದು ಲೀಟರಿಗೆ ಸುಮಾರು 75 ಮಿಲಿಗ್ರಾಂ ಬೈಕಾರ್ಬೊನೇಟ್. 61 ಮಿಲಿಗ್ರಾಂ ಬೈಕಾರ್ಬೊನೇಟಿಗೆ 50 ಮಿಲಿಗ್ರಾಂ ಕ್ಯಾಲ್ಸಿಯಂ ಕಾರ್ಬೊನೇಟ್ ಸಮ, ಅಷ್ಟೇ ಲೆಕ್ಕ.

ಗಡಸುತನವನ್ನೂ ಇದೇ ಅಳತೆಯಲ್ಲಿ ಬರೆಯುವುದರಿಂದ ಗೊಂದಲ ಇನ್ನೂ ಜಾಸ್ತಿ. ಗಡಸುತನ ಅಂದರೆ ಕ್ಯಾಲ್ಸಿಯಂ ಮತ್ತು ಮೆಗ್ನೀಸಿಯಂ ಎಷ್ಟಿದೆ ಎನ್ನುವುದು. ನಿಮ್ಮ 1100 ಬಂದದ್ದು ಕಡಲಿನ ಮೆಗ್ನೀಸಿಯಂ, ಕ್ಯಾಲ್ಸಿಯಂಗಳಿಂದ. ಅವುಗಳ ಜೋಡಿ ಹೆಚ್ಚಾಗಿ ಕ್ಲೋರೈಡ್ ಮತ್ತು ಸಲ್ಫೇಟ್. ಅವೆರಡೂ ಆಮ್ಲವನ್ನು ತಡೆಯುವುದಿಲ್ಲ. ಹಾಗಾಗಿ ಗಡಸುತನ 1100 ಇದ್ದರೂ ಅಲ್ಕಲಿನಿಟಿ 62 ಇರಬಹುದು, ಅದರಲ್ಲಿ ವಿರೋಧ ಏನೂ ಇಲ್ಲ. ಬಯಲುಸೀಮೆಯ ಕೆಲವು ಬೋರ್‌ವೆಲ್ಲುಗಳಲ್ಲಿ ಇದರ ತಿರುಗುಮುರುಗು ಕಾಣುತ್ತದೆ, ಅಲ್ಕಲಿನಿಟಿ ಜಾಸ್ತಿ, ಗಡಸುತನ ಕಡಿಮೆ.

ಇನ್ನು ಕೆರೆಗೆ ಬರೋಣ. ನಿಜವಾದ ವಿಷಯ ಇರುವುದು ಇಲ್ಲಿ.

ನಿಮ್ಮ ಪಿಎಚ್ 8.4 ಯಾವ ಹೊತ್ತಿನದು? ವರದಿಯಲ್ಲಿ ಸಮಯ ಇಲ್ಲ. ಸಮಯ ಇಲ್ಲದ ಪಿಎಚ್ ಅರ್ಧ ಮಾಹಿತಿ. ಹಗಲಿನಲ್ಲಿ ಕೆರೆಯ ಪಾಚಿ ಬಿಸಿಲು ಕುಡಿದು ಇಂಗಾಲದ ಡೈಆಕ್ಸೈಡನ್ನು ಎಳೆದುಕೊಳ್ಳುತ್ತದೆ. ನೀರಿನಲ್ಲಿ ಕರಗಿದ ಇಂಗಾಲದ ಡೈಆಕ್ಸೈಡ್ ದುರ್ಬಲ ಆಮ್ಲ. ಅದು ಹೋದರೆ ಪಿಎಚ್ ಏರುತ್ತದೆ. ರಾತ್ರಿ ಪಾಚಿ, ಸಿಗಡಿ, ತಳದ ಕೆಸರಿನ ಸೂಕ್ಷ್ಮಜೀವಿ ಎಲ್ಲವೂ ಉಸಿರಾಡಿ ಅದನ್ನೇ ವಾಪಸ್ ಬಿಡುತ್ತವೆ. ಪಿಎಚ್ ಇಳಿಯುತ್ತದೆ. ಅಲ್ಕಲಿನಿಟಿ ಚೆನ್ನಾಗಿದ್ದರೆ ಈ ಏರಿಳಿತ ಅರ್ಧ ಅಂಕದೊಳಗೆ ಇರುತ್ತದೆ. ಕಡಿಮೆ ಇದ್ದರೆ ಬೆಳಿಗ್ಗೆ 7.6, ಸಂಜೆ 9 ಅಂತ ಹಾರಾಡುತ್ತದೆ. ಗಮನಿಸಿ, ಇಂಗಾಲದ ಡೈಆಕ್ಸೈಡ್ ಬಂದು ಹೋಗುವುದರಿಂದ ಅಲ್ಕಲಿನಿಟಿ ಬದಲಾಗುವುದಿಲ್ಲ. ಬೆಳಿಗ್ಗೆಯೂ 62, ಸಂಜೆಯೂ 62. ಈ ಎರಡು ಅಳತೆಗಳು ಎಷ್ಟು ಬೇರೆ ಅನ್ನುವುದು ತಿಳಿಯಬೇಕಾದರೆ ಒಂದೇ ದಿನ ಎರಡು ಹೊತ್ತು ಎರಡನ್ನೂ ಅಳೆದು ನೋಡಿ. ಪಿಎಚ್ ಜಿಗಿಯುತ್ತದೆ, ಅಲ್ಕಲಿನಿಟಿ ಕದಲುವುದಿಲ್ಲ.

ಸಂಜೆಯ ಏರಿಕೆಯನ್ನು ನಾನು ಇಷ್ಟು ಒತ್ತಿ ಹೇಳಲು ಕಾರಣ ಅಮೋನಿಯಾ. ಉಳಿದ ತಿಂಡಿ, ಹಿಕ್ಕೆಯಿಂದ ಅದು ಹುಟ್ಟುತ್ತಲೇ ಇರುತ್ತದೆ. ಪಿಎಚ್ ಕಡಿಮೆ ಇದ್ದಾಗ ಅದರ ಬಹುಪಾಲು ಅಮೋನಿಯಂ ರೂಪದಲ್ಲಿರುತ್ತದೆ, ಸಿಗಡಿಗೆ ಅಷ್ಟು ತೊಂದರೆ ಇಲ್ಲ. ಪಿಎಚ್ ಏರಿದಂತೆ ವಿಷದ ರೂಪ ಜಾಸ್ತಿಯಾಗುತ್ತದೆ. 30 ಡಿಗ್ರಿ ಬಿಸಿಯ ಸಿಹಿನೀರಿನಲ್ಲಿ ಪಿಎಚ್ 8 ಇದ್ದರೆ ವಿಷದ ಪಾಲು ನೂರಕ್ಕೆ 7ರ ಆಸುಪಾಸು. ಪಿಎಚ್ 9 ಆದರೆ ನೂರಕ್ಕೆ 45ರ ಹತ್ತಿರ. ಉಪ್ಪುನೀರಿನಲ್ಲಿ ಸ್ವಲ್ಪ ಕಡಿಮೆ, ಆದರೆ ದಿಕ್ಕು ಅದೇ. ಅಮೋನಿಯಾ ಒಂದು ಚೂರೂ ಹೆಚ್ಚಾಗದೆ, ಬರೀ ಪಿಎಚ್ ಹಾರಿದ್ದಕ್ಕೇ ಸಿಗಡಿ ಬಳಲುತ್ತದೆ.

ಅಲ್ಕಲಿನಿಟಿ ದಿನಾ ಖರ್ಚೂ ಆಗುತ್ತದೆ. ಅಮೋನಿಯಾವನ್ನು ನೈಟ್ರೇಟ್ ಮಾಡುವ ಬ್ಯಾಕ್ಟೀರಿಯಾ ಒಂದು ಗ್ರಾಂ ಅಮೋನಿಯಾ ಸಾರಜನಕಕ್ಕೆ ಸುಮಾರು 7 ಗ್ರಾಂ ಅಲ್ಕಲಿನಿಟಿಯನ್ನು ತಿಂದುಹಾಕುತ್ತದೆ. ಸಿಗಡಿ ಪೊರೆ ಕಳಚಿದ ಮೇಲೆ ಹೊಸ ಚಿಪ್ಪು ಗಟ್ಟಿ ಮಾಡಿಕೊಳ್ಳಲು ಕ್ಯಾಲ್ಸಿಯಂ ಜೊತೆ ಇದನ್ನೂ ನೀರಿನಿಂದ ಎಳೆದುಕೊಳ್ಳುತ್ತದೆ. ಮೇಲಿಂದ ಮಳೆನೀರು ಬೇರೆ ಸೇರಿ ತೆಳುವಾಗಿಸುತ್ತದೆ. ವನಾಮಿ ಕೆರೆಯಲ್ಲಿ 100ಕ್ಕಿಂತ ಮೇಲೆ ಇಟ್ಟುಕೊಳ್ಳಿ ಅಂತ ಹೇಳುವುದು ಇದಕ್ಕೇ.

ಈಗ ಆ ಒಂದು ಚೀಲ ಸುಟ್ಟ ಸುಣ್ಣ. ನಿಮ್ಮ 20 ಗುಂಟೆ, 1.2 ಮೀಟರ್ ಆಳಕ್ಕೆ ಸುಮಾರು 2400 ಘನ ಮೀಟರ್ ನೀರಾಯಿತು. 62ರಿಂದ 100ಕ್ಕೆ ಏರಿಸಲು ಪ್ರತಿ ಘನ ಮೀಟರಿಗೆ 38 ಗ್ರಾಂ, ಒಟ್ಟು ಸುಮಾರು 92 ಕೆಜಿ ಕ್ಯಾಲ್ಸಿಯಂ ಕಾರ್ಬೊನೇಟಿಗೆ ಸಮನಾದ ವಸ್ತು ಬೇಕು. ಒಂದು ಕೆಜಿ ಶುದ್ಧ ಸುಟ್ಟ ಸುಣ್ಣ 1.79 ಕೆಜಿ ಕ್ಯಾಲ್ಸಿಯಂ ಕಾರ್ಬೊನೇಟಿಗೆ ಸಮ. 50 ಕೆಜಿ ಅಂದರೆ 89. ನೋಡಿ, ಪಕ್ಕದವರ ಅಂದಾಜು ಅಲ್ಕಲಿನಿಟಿಯ ಮಟ್ಟಿಗೆ ಹೆಚ್ಚುಕಡಿಮೆ ಸರಿಯಾಗಿಯೇ ಇದೆ. ಆದರೆ ಸುಟ್ಟ ಸುಣ್ಣ ಬೈಕಾರ್ಬೊನೇಟ್ ತಂದು ಕೊಡುವುದಿಲ್ಲ. ಅದು ನೀರಿಗೆ ಬಿದ್ದು ಹೈಡ್ರಾಕ್ಸೈಡ್ ಕೊಡುತ್ತದೆ, ಇರುವ ಇಂಗಾಲದ ಡೈಆಕ್ಸೈಡನ್ನೂ ಹೀರಿಕೊಂಡು, ಬೈಕಾರ್ಬೊನೇಟನ್ನೂ ಕಾರ್ಬೊನೇಟ್ ಮಾಡಿಬಿಡುತ್ತದೆ. ಇಷ್ಟು ತೆಳು ನೀರಿಗೆ 50 ಕೆಜಿ ಒಟ್ಟಿಗೆ ಬಿದ್ದರೆ ಪಿಎಚ್ 9.5 ದಾಟಬಹುದು. ಕೆಲವು ದಿನಗಳಲ್ಲಿ ಗಾಳಿಯಿಂದ, ಉಸಿರಾಟದಿಂದ ಇಂಗಾಲದ ಡೈಆಕ್ಸೈಡ್ ಬಂದು ಎಲ್ಲ ಸರಿಹೋಗುತ್ತದೆ ಅನ್ನುವುದು ನಿಜ. ಅಲ್ಲಿಯವರೆಗೆ ಸಿಗಡಿ ತಾಳಿಕೊಳ್ಳಬೇಕಲ್ಲ! ಸುಟ್ಟ ಸುಣ್ಣದ ಜಾಗ ಒಣಗಿಸಿದ ಕೆರೆಯ ತಳ. ಸಿಗಡಿ ಇರುವ ನೀರು ಅಲ್ಲ.

ನಮ್ಮಲ್ಲಿ ಇನ್ನೊಂದು ತೊಡಕಿದೆ. ಅಂಗಡಿಯಲ್ಲಿ ಎಲ್ಲದಕ್ಕೂ ಸುಣ್ಣ ಅಂತಲೇ ಹೆಸರು. ಬಳಚಿನ ಚಿಪ್ಪನ್ನು ಸುಡದೆ ಪುಡಿ ಮಾಡಿದರೆ ಅದು ಕ್ಯಾಲ್ಸಿಯಂ ಕಾರ್ಬೊನೇಟ್, ಸೌಮ್ಯ. ಅದೇ ಚಿಪ್ಪನ್ನು ಭಟ್ಟಿಯಲ್ಲಿ ಸುಟ್ಟರೆ ಸುಟ್ಟ ಸುಣ್ಣ. ಅದಕ್ಕೆ ನೀರು ಹಾಕಿ ಅರಳಿಸಿದರೆ ಅರಳಿದ ಸುಣ್ಣ. ಮೂರರ ಗುಣವೂ ಬೇರೆ. ಅನುಮಾನ ಇದ್ದರೆ ಒಂದು ಚಮಚ ಪುಡಿಗೆ ಲಿಂಬೆ ರಸ ಹಿಂಡಿ. ಚೆನ್ನಾಗಿ ನೊರೆ ಬಂದರೆ ಸುಡದ ಚಿಪ್ಪಿನ ಪುಡಿ. ನೊರೆ ಬಾರದೆ, ಇನ್ನೊಂದು ಚಮಚಕ್ಕೆ ನೀರು ಹಾಕಿದಾಗ ಬಿಸಿಯಾಗಿ ಸಿಡಿದರೆ ಸುಟ್ಟ ಸುಣ್ಣ. ಕೈಯಲ್ಲಿ ಮುಟ್ಟಬೇಡಿ, ಕಣ್ಣನ್ನು ದೂರ ಇಡಿ.

ಹಾಗಾದರೆ ಏನು ಹಾಕಬೇಕು? ಬೇಗ ಆಗಬೇಕಾದರೆ ಸೋಡಿಯಂ ಬೈಕಾರ್ಬೊನೇಟ್, ನಮ್ಮ ಅಡುಗೆ ಸೋಡಾ. ಬೇಕಾದ ವಸ್ತುವನ್ನೇ ನೇರವಾಗಿ ಕೊಡುವುದರಿಂದ ಪಿಎಚ್ ಹಾರುವುದಿಲ್ಲ. ಒಂದು ಕೆಜಿ ಸೋಡಾ 0.6 ಕೆಜಿ ಕ್ಯಾಲ್ಸಿಯಂ ಕಾರ್ಬೊನೇಟಿಗೆ ಸಮ. ಅಂದರೆ ನಿಮಗೆ ಒಟ್ಟು 155 ಕೆಜಿ ಬೇಕು. ಒಮ್ಮೆಲೇ ಬೇಡ. ಸುಮಾರು 40 ಕೆಜಿಯಂತೆ ನಾಲ್ಕು ಸಲ, ಒಂದೆರಡು ದಿನ ಬಿಟ್ಟು ಬಿಟ್ಟು. ಒಂದು ಸಲಕ್ಕೆ 10ರಷ್ಟು ಏರುತ್ತದೆ. ಕತ್ತಲಾದ ಮೇಲೆ ಡ್ರಮ್ಮಿನಲ್ಲಿ ಕರಗಿಸಿ, ಏರೇಟರ್ ಓಡುತ್ತಿರುವಾಗ ಕೆರೆ ತುಂಬಾ ಹರಡಿ. ಬಟ್ಟೆ ಒಗೆಯುವ ಸೋಡಾ ಬೇರೆ ವಸ್ತು, ಅದನ್ನು ತರಬೇಡಿ, ಪಿಎಚ್ ಏರಿಸಿಬಿಡುತ್ತದೆ.

ಖರ್ಚು ಜಾಸ್ತಿ ಅನ್ನಿಸಿದರೆ ಅರ್ಧವನ್ನು ಸೋಡಾದಲ್ಲಿ ಏರಿಸಿ, ಉಳಿದದ್ದಕ್ಕೆ ನುಣ್ಣಗಿನ ಚಿಪ್ಪಿನ ಪುಡಿ ಅಥವಾ ಡಾಲಮೈಟ್ (ಮೆಗ್ನೀಸಿಯಂ ಇರುವ ಸುಣ್ಣದ ಕಲ್ಲಿನ ಪುಡಿ) ಹಾಕಿ. ಆದರೆ ಪಿಎಚ್ 8.3ರ ಮೇಲಿರುವ ನೀರಿನಲ್ಲಿ ಇವು ಸರಿಯಾಗಿ ಕರಗುವುದಿಲ್ಲ, ಸುಮ್ನೆ ತಳಕ್ಕೆ ಹೋಗಿ ಕೂರುತ್ತವೆ. ತಳದಲ್ಲಿ ಇಂಗಾಲದ ಡೈಆಕ್ಸೈಡ್ ಜಾಸ್ತಿ ಇರುವ ಕಡೆ ನಿಧಾನಕ್ಕೆ ಕರಗುತ್ತವೆ. ಹಾಗಾಗಿ ಇವುಗಳಿಂದ ನಾಳೆಯೇ ಫಲಿತಾಂಶ ಕೇಳಬೇಡಿ. ಜೊತೆಗೆ ಮಳೆ ಬಿಡುವು ಕೊಟ್ಟಾಗ, ದೊಡ್ಡ ಉಬ್ಬರದ ಹೊತ್ತಿನಲ್ಲಿ ಹೊಳೆಯ ಉಪ್ಪಿನಂಶ ಅಳೆದು ನೋಡಿ. ಉಪ್ಪುನೀರು ಭಾರ, ಅದು ತಳದಲ್ಲಿ ಒಳಗೆ ಬರುತ್ತದೆ. ತಳದ ನೀರು ನಿಮ್ಮ ಕೆರೆಗಿಂತ ಉಪ್ಪಾಗಿದ್ದರೆ ಅದರ ಅಲ್ಕಲಿನಿಟಿಯೂ ಜಾಸ್ತಿ ಇರುವ ಸಾಧ್ಯತೆ ಇದೆ. ಮೊದಲು ಸಂಗ್ರಹದ ಹೊಂಡಕ್ಕೆ ತೆಗೆದು, ಶುದ್ಧ ಮಾಡಿ, ಅಳೆದು, ಆಮೇಲೆ ಕೆರೆಗೆ ಬಿಡಿ.

ಈ ಮಾತು ಸಿಗಡಿ ಕೆರೆಗೆ ಮಾತ್ರ ಸೇರಿದ್ದಲ್ಲ. ನಿಮ್ಮ ಮನೆಯ ಬಾವಿ ನೀರಿನ ವರದಿಯಲ್ಲೂ ಇದು ಇರುತ್ತದೆ. ಕುಡಿಯುವ ನೀರಿನ ಭಾರತೀಯ ಮಾನಕ ಐಎಸ್ 10500 ಪ್ರಕಾರ ಅಲ್ಕಲಿನಿಟಿ 200ರವರೆಗೆ ಒಪ್ಪಬಹುದು, ಬೇರೆ ನೀರು ಸಿಗದಿದ್ದರೆ 600ರವರೆಗೆ. ನಮ್ಮ ಚಿರೆಕಲ್ಲಿನ ಬಾವಿಗಳಿಗೆ ಆ ಚಿಂತೆ ಕಡಿಮೆ. ಇಲ್ಲಿನ ತೊಂದರೆ ಉಲ್ಟಾ. ಅಲ್ಕಲಿನಿಟಿ ತೀರಾ ಕಡಿಮೆ ಇದ್ದು ಪಿಎಚ್ 6ರ ಆಸುಪಾಸಿಗೆ ಇಳಿದ ನೀರು ಕಬ್ಬಿಣ, ತಾಮ್ರದ ಪೈಪನ್ನು ನಿಧಾನಕ್ಕೆ ತಿನ್ನುತ್ತದೆ. ಗೋಬರ್ ಗ್ಯಾಸ್ ಇರುವ ಮನೆಗಳಲ್ಲೂ ಇದರ ಕೆಲಸ ಇದೆ. ಒಮ್ಮೆಲೇ ಹಣ್ಣಿನ ಸಿಪ್ಪೆ, ಅನ್ನ ಜಾಸ್ತಿ ಸುರಿದರೆ ಟ್ಯಾಂಕಿನೊಳಗೆ ಆಮ್ಲ ಹುಟ್ಟುತ್ತದೆ. ಸಗಣಿಯಿಂದ ಬಂದ ಬೈಕಾರ್ಬೊನೇಟ್ ಅದನ್ನು ತಡೆಯುತ್ತದೆ. ತಡೆಯಲಾಗದಷ್ಟು ಆದಾಗ ಗ್ಯಾಸ್ ನಿಲ್ಲುತ್ತದೆ. ಬಾಟಲಿಯಲ್ಲಿ ಮಾರುವ ‘ಅಲ್ಕಲೈನ್ ವಾಟರ್’ ಬಗ್ಗೆ ಯಾರಾದರೂ ಕೇಳಿದರೆ, ಅಲ್ಲಿ ಹೇಳುವುದು ಹೆಚ್ಚಾಗಿ ಪಿಎಚ್ ಮಾತ್ರ, ಅಲ್ಕಲಿನಿಟಿ ಎಷ್ಟು ಅಂತ ಅಲ್ಲ ಎನ್ನುವುದನ್ನು ಗಮನಿಸಿ.

ನಿಮ್ಮ ಮುಂದಿನ ಕೆಲಸ ಇಷ್ಟು. ನಾಳೆ ಬೆಳಗಿನ ಜಾವ ಸೂರ್ಯ ಹುಟ್ಟುವ ಮೊದಲು ಒಮ್ಮೆ, ಮಧ್ಯಾಹ್ನ ಮೂರರಿಂದ ನಾಲ್ಕರ ನಡುವೆ ಒಮ್ಮೆ ಪಿಎಚ್ ನೋಡಿ, ಸಮಯದ ಸಮೇತ ಬರೆದಿಡಿ. ಎರಡರ ಅಂತರ ಅರ್ಧಕ್ಕಿಂತ ಜಾಸ್ತಿ ಇದ್ದರೆ ಸೋಡಾ ಅವತ್ತೇ ತನ್ನಿ. ಮೊದಲ 40 ಕೆಜಿ ಹಾಕಿದ ಮಾರನೇ ದಿನ ಅಲ್ಕಲಿನಿಟಿ ಅಳೆಯಿರಿ. ಅದು 72ರ ಹತ್ತಿರ ಬಂದಿರಬೇಕು. ಅಷ್ಟು ಬಾರದೇ ಹೋದರೆ ಉಳಿದ ಸೋಡಾ ಹಾಕುವ ಮೊದಲು ತಳದ ಮಣ್ಣಿನ ಪಿಎಚ್ ಪರೀಕ್ಷೆ ಮಾಡಿಸಿ. ಕಾಂಡ್ಲಾ (ಮ್ಯಾಂಗ್ರೋವ್) ಬೆಳೆಯುವ ಜೌಗಿನಲ್ಲಿ ಕೆಲವು ಕಡೆ ಪೈರೈಟ್ ಎಂಬ ಕಬ್ಬಿಣ, ಗಂಧಕದ ಖನಿಜ ಇರುತ್ತದೆ. ಕೆರೆ ಒಣಗಿಸಿದಾಗ ಅದಕ್ಕೆ ಗಾಳಿ ತಾಗಿ ಸಲ್ಫ್ಯೂರಿಕ್ ಆಮ್ಲ ಆಗುತ್ತದೆ, ಮೇಲಿಂದ ಎಷ್ಟು ಹಾಕಿದರೂ ಕೆಳಗಿನಿಂದ ಖರ್ಚಾಗುತ್ತಿರುತ್ತದೆ. ಹಾಗಿದ್ದರೆ ಮದ್ದು ಮಾಡಬೇಕಾದ್ದು ಮಣ್ಣಿಗೆ. ಸಿಗಡಿ ಹಿಡಿದು ಕೆರೆ ಖಾಲಿಯಾದ ಮೇಲೆ ಆ ಕೆಲಸ. ಪಕ್ಕದವರು ಹೇಳಿದ ಸುಟ್ಟ ಸುಣ್ಣದ ಚೀಲ ಆಗ ಉಪಯೋಗಕ್ಕೆ ಬರುತ್ತದೆ.